ಪಾಪನಿವೇದನೆ ಇಲ್ಲದ ಸ್ಮರಣೆಗಳು



ದೊಡ್ಡವರ ಆತ್ಮಕಥನಗಳನ್ನು ಓದುವಾಗ ಅವರು ಯಾವುದನ್ನು ವಿಸ್ತರಿಸಿ ಬರೆದಿದ್ದಾರೆ, ಯಾವುದನ್ನು ಅವಸರದಲ್ಲಿ ದಾಟಿಹೋಗಿದ್ದಾರೆ ಎಂಬುದನ್ನು ಗಮನಿಸಬೇಕು. ಫ್ರಾನ್ಸಿನ ನಾಯಕ ಚಾರ್ಲ್ಸ್ ಡಿ ಗಾಲ್ ಅವರು 1954ರಿಂದ 1959ರೊಳಗೆ ಮೂರು ಸಂಪುಟಗಳಲ್ಲಿ ಪ್ರಕಟಿಸಿದ ಯುದ್ಧಸ್ಮರಣೆಗಳನ್ನು ನಾನು ಹಾಗೆಯೇ ಓದಿದೆ.

1940ರಲ್ಲಿ ಫ್ರಾನ್ಸ್ ಹಿಟ್ಲರನ ಸೇನೆಗೆ ಮಣಿಯುತ್ತಿದ್ದಾಗ ಅವರು ಲಂಡನ್ನಿಗೆ ಹೋಗಿ, ಜೂನ್ 18ರಂದು ಬಿ.ಬಿ.ಸಿ. ಬಾನುಲಿಯಲ್ಲಿ ಹೋರಾಟಕ್ಕೆ ಕರೆಯಿತ್ತರು. ಜರ್ಮನಿಯೊಡನೆ ರಾಜಿಯಾದ ವಿಶಿ ಸರಕಾರವು ಅವರಿಗೆ ಮರಣದಂಡನೆ ವಿಧಿಸಿತು. ಆ ಒಂಟಿ ದಿನಗಳ ನಿರೂಪಣೆ ಗಂಭೀರವಾಗಿದೆ, ಮನಸ್ಸನ್ನು ಹಿಡಿದಿಡುತ್ತದೆ.

1944ರ ಆಗಸ್ಟ್ 26ರಂದು, ಬಿಡುಗಡೆಗೊಂಡ ಪ್ಯಾರಿಸ್ಸಿನ ನೋತ್ರ್ ದಾಮ್ ಪ್ರಧಾನಾಲಯದಲ್ಲಿ ಗುಂಡಿನ ಸದ್ದಿನ ನಡುವೆಯೇ ಮಾತೆ ಮರಿಯಮ್ಮನವರ ಸ್ತುತಿಗೀತೆಯನ್ನು ಹಾಡಲಾಯಿತು. ಆದರೆ ಕಾರ್ಡಿನಲ್ ಸುಹಾರ್ಡ್ ಅವರಿಗೆ ತಮ್ಮದೇ ದೇವಾಲಯಕ್ಕೆ ಬರಲು ಅನುಮತಿ ಇರಲಿಲ್ಲ. ಎರಡು ತಿಂಗಳ ಹಿಂದೆಯಷ್ಟೇ ಅವರು ವಿಶಿ ಸರಕಾರದ ಪ್ರಚಾರ ಮಂತ್ರಿಯ ಅಂತ್ಯಸಂಸ್ಕಾರದ ಅಧ್ಯಕ್ಷತೆ ವಹಿಸಿದ್ದರು. ಧರ್ಮಸಭೆಯ ಮಕ್ಕಳಾದ ನಮಗೆ ಇದು ನೋವಿನ ಪಾಠ. ಇದನ್ನು ನಾವು ಮುಚ್ಚಿಡಬಾರದು.

ಆದರೆ ಅನ್ಯರನ್ನು ಹೀಗೆ ತೂಗಿದವರು ತಮ್ಮನ್ನು ತೂಗಿಕೊಂಡರೇ? 1945ರ ಮೇ ತಿಂಗಳಲ್ಲಿ ಅಲ್ಜೀರಿಯದ ಸೆಟಿಫ್ ಪ್ರದೇಶದಲ್ಲಿ ದಂಗೆಯೆದ್ದು, ಸುಮಾರು ನೂರು ಮಂದಿ ಯುರೋಪಿಯನ್ನರು ಹತರಾದರು. ಪ್ರತೀಕಾರವಾಗಿ ಸಾವಿರಾರು ಮುಸ್ಲಿಮರನ್ನು ಕೊಲ್ಲಲಾಯಿತು. ಆಗ ಸರಕಾರದ ಮುಖ್ಯಸ್ಥರಾಗಿದ್ದವರು ಡಿ ಗಾಲ್ ಅವರೇ. ಚರ್ಚಿಲ್ಲರೊಡನೆ ನಡೆದ ಜಗಳಗಳಿಗೆ ಪುಟಗಳನ್ನೇ ಮೀಸಲಿಟ್ಟ ಗ್ರಂಥವು ಈ ಸಾವುಗಳಿಗೆ ಕೊಟ್ಟದ್ದು ಒಂದೇ ವಾಕ್ಯ: ದಂಗೆಯನ್ನು ಅಡಗಿಸಲಾಯಿತು ಎಂಬ ವರದಿ ಮಾತ್ರ. ಸಂತ ಅಗಸ್ಟೀನರು ತಮ್ಮ ಬಾಳನ್ನು ದೇವರ ಮುಂದೆ ತೆರೆದಿಟ್ಟು ಬರೆದರು. ಡಿ ಗಾಲ್ ಅವರು ತಪ್ಪದೆ ಬಲಿಪೂಜೆಗೆ ಹೋಗುವ ಕಥೋಲಿಕರಾಗಿದ್ದರೂ ಬರೆದದ್ದು ಚರಿತ್ರೆಯ ಮುಂದೆ ನಿಂತು. ಈ ಗ್ರಂಥದ ದೊಡ್ಡ ಕೊರತೆ ಇದೇ.

ಹಾಗಾದರೆ ಅವರದು ಕಲ್ಲೆದೆಯೇ? ಅಲ್ಲ. 1928ರಲ್ಲಿ ಹುಟ್ಟಿದ ಮಗಳು ಆನ್‌ಗೆ ಡೌನ್ ಸಿಂಡ್ರೋಮ್ ಇತ್ತು. ಆ ನಿಷ್ಠುರ ಮನುಷ್ಯ ಅವಳೊಡನೆ ಮಗುವಾಗಿ ಆಡಿ ಹಾಡುತ್ತಿದ್ದರು. ಪತಿಪತ್ನಿಯರು ಅಂತಹ ಹೆಣ್ಣುಮಕ್ಕಳಿಗಾಗಿ ಆಶ್ರಯಧಾಮವೊಂದನ್ನು ಸ್ಥಾಪಿಸಿದರು. ಈ ಸ್ಮರಣೆಗಳ ಗೌರವಧನ ಅದಕ್ಕೇ ಸಂದಿತು. 1970ರಲ್ಲಿ ಅವರನ್ನು ಕೊಲೊಂಬೆಯಲ್ಲಿ, ಇಪ್ಪತ್ತರ ಹರೆಯದಲ್ಲಿ ತೀರಿಕೊಂಡ ಆ ಮಗಳ ಪಕ್ಕದಲ್ಲೇ ಸಮಾಧಿ ಮಾಡಲಾಯಿತು.

ವಾಚಕರೇ, ನಮ್ಮ ಮನೆತನದ ಕಥೆಯನ್ನು ಮಕ್ಕಳಿಗೆ ಹೇಳುವಾಗ ನಾವೂ ಒಂದೇ ವಾಕ್ಯದಲ್ಲಿ ದಾಟಿಸಿಬಿಡುವ ಅನ್ಯಾಯ ಯಾವುದು? ಈ ಸಂಜೆಯ ಪ್ರಾರ್ಥನೆಗೆ ಮುನ್ನ ಅದನ್ನೊಮ್ಮೆ ನೆನೆಯೋಣ.