ಬೀಸುವ ಕಲ್ಲೂ ನೇಗಿಲೂ

ಒಂದು ಜನವು ಹಿಂದಿನ ಮತವನ್ನು ಬಿಟ್ಟು ಬೇರೊಂದನ್ನು ಹಿಡಿಯುವುದಕ್ಕೆ ಕತ್ತಿಯೇ ಕಾರಣವೆಂದು ಹೇಳಿಬಿಡುವುದು ಸುಲಭ. ಆ ಮಾತಿನಿಂದ ನೆರೆಹೊರೆಯವರಲ್ಲಿ ಹಗೆ ಬೆಳೆಯುವುದೂ ಅಷ್ಟೇ ಸುಲಭ. ಅಮೆರಿಕದ ಇತಿಹಾಸಜ್ಞರಾದ ರಿಚರ್ಡ್ ಈಟನ್ ಅವರ ಗ್ರಂಥಗಳ ಮುಖ್ಯ ಗುಣವೆಂದರೆ ಈ ಸುಲಭದ ಉತ್ತರವನ್ನು ಒಲ್ಲದಿರುವುದು.

ಬಂಗಾಳವನ್ನು ಕುರಿತ 1993ರ ಗ್ರಂಥದಲ್ಲಿ ಅವರೆತ್ತುವ ಪ್ರಶ್ನೆ ಸರಳವಾದುದು: ಕತ್ತಿಯೇ ಕಾರಣವಾಗಿದ್ದ ಪಕ್ಷದಲ್ಲಿ, ದೆಹಲಿ ಆಗ್ರಾಗಳ ಸುತ್ತಲಿಗಿಂತಲೂ ದೂರದ ಪೂರ್ವ ಬಂಗಾಳದಲ್ಲಿ ಮುಸಲ್ಮಾನರು ಹೆಚ್ಚಾದುದೇಕೆ? ಗಂಗೆಯ ಪ್ರವಾಹವು ಪೂರ್ವಕ್ಕೆ ಸರಿದುದು, ಮೊಗಲರ ದತ್ತಿಗಳ ಬಲದಿಂದ ಕಾಡು ಗದ್ದೆಯಾದುದು, ಗದ್ದೆಗಳ ನಡುವೆ ಬಿದಿರುಹುಲ್ಲುಗಳ ಮಸೀದಿ ಎದ್ದುದು, ಇವನ್ನು ಕೂಡಿಸಿ, ಇಸ್ಲಾಮು ಅಲ್ಲಿ ನೇಗಿಲಿನ ಹಿಂದೆ ಮೆಲ್ಲನೆ ನಡೆದುಬಂದಿತೆಂದು ತೋರಿಸಿದ್ದಾರೆ.

1978ರ ‘ಬಿಜಾಪುರದ ಸೂಫಿಗಳು’ ಕನ್ನಡಿಗರಿಗೆ ಇನ್ನೂ ಹತ್ತಿರದ್ದು. ಹೆಂಗಸರು ಬೀಸುವಾಗ ಹಾಡಲೆಂದು ಸೂಫಿಗಳು ದಖನಿಯಲ್ಲಿ ಕಟ್ಟಿದ ಚಕ್ಕಿನಾಮಾಗಳನ್ನು ಇತಿಹಾಸದ ಸಾಕ್ಷಿಯಾಗಿ ಎತ್ತಿಕೊಂಡುದು ಶ್ಲಾಘ್ಯವಾದುದು. ಆದರೆ ಎರಡು ಕೊರತೆಗಳುಂಟು. ಖಡ್ಗಧಾರಿ ಸೂಫಿಗಳ ಕಥನವು ಬಹುಕಾಲಾನಂತರ ಬರೆದ ಸಂತಚರಿತೆಗಳನ್ನು ಅತಿಯಾಗಿ ನೆಚ್ಚಿದೆ. ಕಾರ್ಲ್ ಅರ್ನ್‌ಸ್ಟ್ ಎಂಬ ವಿದ್ವಾಂಸರು ಇದನ್ನು ಆಕ್ಷೇಪಿಸಿರುವುದು ಯುಕ್ತವೇ. ಬಂಗಾಳದಲ್ಲಿ ಅಲ್ಲಗಳೆದ ಕತ್ತಿಗೆ ಬಿಜಾಪುರದಲ್ಲಿ ಕಥೆಯ ಆಧಾರದಿಂದಲೇ ಎಡೆ ಸಿಕ್ಕಂತಾಗಿದೆ. ಚಕ್ಕಿನಾಮಾಗಳಾದರೂ ಗುರುಗಳ ರಚನೆಗಳು. ಬೀಸಿದವಳ ಮನಸ್ಸಿಗೆ ಏನು ಇಳಿಯಿತೆಂಬುದನ್ನು ಅವು ಹೇಳಲಾರವು. ಅದೇ ಸೀಮೆಯ ಕನ್ನಡ ಬೀಸುವ ಪದಗಳನ್ನು ಅವುಗಳ ಪಕ್ಕದಲ್ಲಿಟ್ಟು ನೋಡಿದರೆ ಆ ಮನಸ್ಸು ಕೊಂಚವಾದರೂ ಗೋಚರಿಸೀತು. ಆ ಕೆಲಸವು ಎರಡೂ ನುಡಿಗಳನ್ನು ಬಲ್ಲ ಕನ್ನಡಿಗರಿಗೆ ಸೇರಿದ್ದು.