ಬೇರು ಬಿಡುವ ಧರ್ಮ: ಬೈಲಕುಪ್ಪೆಯಿಂದ ಅಮೆರಿಕದವರೆಗೆ



ಮೈಸೂರು–ಕೊಡಗಿನ ಕಡೆಗೆ ಧರ್ಮಕೇಂದ್ರದ ಪ್ರವಾಸ ಹೊರಟರೆ ಬೈಲಕುಪ್ಪೆಯ ‘ಗೋಲ್ಡನ್ ಟೆಂಪಲ್’ ಪಟ್ಟಿಯಲ್ಲಿ ಇದ್ದೇ ಇರುತ್ತದೆ. ಸುಂಕದಕಟ್ಟೆಯಿಂದ ಸುಮಾರು 220 ಕಿಲೋಮೀಟರು. ನಸುಕಿಗೇ ಬಸ್ಸು ಹತ್ತಿ, ಜಪಸರ ಮುಗಿಸಿ, ದಾರಿಯಲ್ಲಿ ಪುಳಿಯೋಗರೆಯ ಬುತ್ತಿ ಬಿಚ್ಚಿ, ಬಂಗಾರದ ಬಣ್ಣದ ಆ ಮೂರು ಮಹಾಮೂರ್ತಿಗಳ ಮುಂದೆ ನಿಂತು ಫೋಟೋ ತೆಗೆಸಿಕೊಂಡು ಬರುತ್ತೇವೆ. ನೋಡಿದೆವು ಎನ್ನುತ್ತೇವೆ, ನೋಡಿರುವುದಿಲ್ಲ.

ಕಳೆದ ಸಲ ಹಿಂದಿರುಗುವಾಗ ಸಾಫ್ಟ್‌ವೇರ್ ಕಂಪನಿಯಲ್ಲಿ ದುಡಿಯುವ ನಮ್ಮ ಯುವತಿಯೊಬ್ಬಳು ಕೇಳಿದಳು: “ಫಾದರ್, ನಮ್ಮ ಆಫೀಸಿನಲ್ಲಿ ವಾರಕ್ಕೊಂದು ದಿನ ಮೈಂಡ್‌ಫುಲ್‌ನೆಸ್ ಅಂತ ಕಣ್ಣು ಮುಚ್ಚಿ ಕೂರಿಸ್ತಾರೆ. ಅದೂ ಇದೂ ಒಂದೇನಾ? ನಾನು ಕೂರಬಹುದಾ?” ಅಂದು ನಾನು ಏನೋ ಹೇಳಿ ಜಾರಿಕೊಂಡೆ. ಈ ಬರಹ ಆ ಸಾಲದ ತೀರುವಳಿ.

ಬೈಲಕುಪ್ಪೆಯಿಂದಲೇ ಆರಂಭಿಸೋಣ. 1959ರಲ್ಲಿ ದಲೈ ಲಾಮಾ ಭಾರತಕ್ಕೆ ಬಂದ ಬಳಿಕ, ಅರವತ್ತರ ದಶಕದ ಆದಿಯಲ್ಲಿ ಇಲ್ಲಿ ಟಿಬೆಟನ್ನರ ನೆಲೆ ಏರ್ಪಟ್ಟಿತು. ಪೆನೋರ್ ರಿಂಪೋಚೆಯವರು 1963ರಲ್ಲಿ ನಾಮ್‌ಡ್ರೋಲಿಂಗ್ ಮಠಕ್ಕೆ ಅಡಿಪಾಯ ಹಾಕಿದ್ದು ಬಿದಿರಿನ ಒಂದು ಪುಟ್ಟ ಗುಡಿಯಿಂದ. ನಾವು ಬೆರಗಾಗಿ ನೋಡುವ ಸ್ವರ್ಣಮಂದಿರ ತಲೆಯೆತ್ತಿದ್ದು 1999ರಲ್ಲಿ. ಈ ನಡುವಿನ ಮೂವತ್ತಾರು ವರ್ಷಗಳಲ್ಲಿ ಅವರು ಮೆಕ್ಕೆಜೋಳ ಬೆಳೆದರು, ಕುಶಾಲನಗರದ ಸಂತೆಯ ಕನ್ನಡ ಕಲಿತರು. ಆದರೆ ಪೂಜೆ, ಪಾಠ, ಮಂತ್ರ ಯಾವುದನ್ನೂ ಬದಲಿಸಲಿಲ್ಲ. ತಾಯ್ನೆಲದಲ್ಲಿ ಮಠಗಳು ಉರುಳುತ್ತಿದ್ದಾಗ, ಇಲ್ಲಿ ಕಾಪಿಡುವುದೇ ಅವರಿಗೆ ಧರ್ಮವಾಗಿತ್ತು.

ಇದೇ ರಿಂಪೋಚೆಯವರು 1985ರಲ್ಲಿ ಅಮೆರಿಕಕ್ಕೆ ಹೋದರು. ಮುಂದೆ ನ್ಯೂಯಾರ್ಕ್ ರಾಜ್ಯದಲ್ಲಿ ಅವರ ಪರಂಪರೆಯ ಸಾಧನಾಕೇಂದ್ರವೇ ಆಯಿತು. 1997ರಲ್ಲಿ ಹೊಡೆದಾಟದ ಚಿತ್ರಗಳ ನಟ ಸ್ಟೀವನ್ ಸೆಗಾಲ್ ಅವರನ್ನು ಹಿಂದಿನ ಕಾಲದ ಲಾಮಾ ಒಬ್ಬರ ಪುನರವತಾರವೆಂದು ಅವರು ಗುರುತಿಸಿದಾಗ ಅನೇಕರು ಹುಬ್ಬೇರಿಸಿದರು. ಅವರಿಗೆ ಪೀಠಾರೋಹಣವಾಗಿಲ್ಲ, ಬೋಧಿಸಬೇಕಾದರೆ ಎಲ್ಲರಂತೆ ದೀರ್ಘ ಅಭ್ಯಾಸ ಮಾಡಲೇಬೇಕು ಎಂದು ರಿಂಪೋಚೆಯವರು ಲಿಖಿತ ವಿವರಣೆ ಕೊಡಬೇಕಾಯಿತು. ನಕ್ಕು ಬಿಡುವುದು ಸುಲಭ. ನನಗೆ ಕಾಣುವುದು ಬೇರೆ. ಟಿಬೆಟಿನಲ್ಲಿ ಗುರುತಿಸುವುದು ಸಾಮಾನ್ಯವಾಗಿ ಒಂದು ಮಗುವನ್ನು. ಆಮೇಲೆ ಹತ್ತಾರು ವರ್ಷ ಮಠವೇ ಆ ಮಗುವನ್ನು ತಿದ್ದುತ್ತದೆ. ಹೊಸ ನಾಡಿಗೆ ಗೌರವ ಹೋಯಿತು, ಅದನ್ನು ಹೊತ್ತು ನಿಲ್ಲಿಸುವ ಕಂಬಗಳು ಹಿಂದೆಯೇ ಉಳಿದವು.

ಆದರೆ ಅಮೆರಿಕದ ಬೌದ್ಧರೆಲ್ಲ ಹೀಗೆಯೇ ಎಂದರೆ ಅನ್ಯಾಯವಾದೀತು. 1899ರಲ್ಲಿ ಜಪಾನಿನ ಜೋಡೊ ಶಿನ್‌ಶು ಪಂಥದ ಗುರುಗಳು ಸ್ಯಾನ್ ಫ್ರಾನ್ಸಿಸ್ಕೊಗೆ ಬಂದಿಳಿದದ್ದು ಅಲ್ಲಿ ನೆಲೆಸಿದ್ದ ತಮ್ಮ ವಲಸೆ ಜನರಿಗಾಗಿ. ಮದುವೆ ಮಾಡಿಸಲು, ಸತ್ತವರಿಗೆ ಕರ್ಮ ಮಾಡಲು, ಮಕ್ಕಳಿಗೆ ನಾಲ್ಕು ಒಳ್ಳೆಯ ಮಾತು ಕಲಿಸಲು. ಕಾಲಕ್ರಮೇಣ ಅವರ ಮಂದಿರಗಳೊಳಗೆ ಬೆಂಚುಗಳು ಬಂದವು, ಆರ್ಗನ್ ಬಂತು, ಭಾನುವಾರದ ಶಾಲೆ ಬಂತು. ಅವರ ಮುಖ್ಯಸ್ಥರನ್ನು ‘ಬಿಷಪ್’ ಎಂದೇ ಕರೆಯುತ್ತಾರೆ! ಎರಡನೆಯ ಮಹಾಯುದ್ಧದಲ್ಲಿ, 1942ರಿಂದ, ಸುಮಾರು 1,20,000 ಜಪಾನೀ ಮೂಲದವರನ್ನು ಅಮೆರಿಕ ಸರ್ಕಾರ ಮುಳ್ಳುತಂತಿಯ ಶಿಬಿರಗಳಲ್ಲಿ ಕೂಡಿಹಾಕಿತು. 1944ರಲ್ಲಿ ಯೂಟಾ ರಾಜ್ಯದ ಟೋಪಾಜ್ ಶಿಬಿರದಲ್ಲಿ ಆ ಬೌದ್ಧರು ತಮ್ಮ ಸಂಸ್ಥೆಗೆ ‘ಬುದ್ಧಿಸ್ಟ್ ಚರ್ಚಸ್ ಆಫ್ ಅಮೆರಿಕ’ ಎಂದು ಹೆಸರಿಟ್ಟರು. ‘ಚರ್ಚ್’ ಎಂಬ ಆ ಪದದಲ್ಲಿ ಎಷ್ಟು ಭಯವಿತ್ತು, ಎಷ್ಟು ಆಸೆಯಿತ್ತು ಎಂದು ನಾನು ಹಲವು ಬಾರಿ ಯೋಚಿಸಿದ್ದೇನೆ.

ಮುಂದೆ ನಮ್ಮ ಬೆಂಗಳೂರಿನಲ್ಲಿ ಇದರ ಕನ್ನಡಿಬಿಂಬ ನಡೆಯಿತು. ದ್ವಿತೀಯ ವ್ಯಾಟಿಕನ್ ಮಹಾಸಭೆಯ ನಂತರ ಸ್ವಾಮಿ ಡಿ. ಎಸ್. ಅಮಲೋರ್ಪವದಾಸ್ ಅವರ ನೇತೃತ್ವದಲ್ಲಿ ಇಲ್ಲಿನ ಎನ್.ಬಿ.ಸಿ.ಎಲ್.ಸಿ. ಕೇಂದ್ರ ಬೆಳೆಯಿತು. ನೆಲದ ಮೇಲೆ ಕುಳಿತುಕೊಳ್ಳುವುದು, ಕೈಮುಗಿಯುವುದು, ಆರತಿ, ಎಣ್ಣೆಯ ದೀಪ ಇಂಥ ಹನ್ನೆರಡು ಅಂಶಗಳಿಗೆ 1969ರಲ್ಲಿ ರೋಮ್ ಸಮ್ಮತಿಸಿತು. ಅಮೆರಿಕದ ಬೌದ್ಧರು ಬೆಂಚಿನ ಮೇಲೆ ಕುಳಿತರೆ, ಬೆಂಗಳೂರಿನ ಕ್ರೈಸ್ತರು ಬೆಂಚು ಬಿಟ್ಟು ನೆಲಕ್ಕಿಳಿಯಬೇಕೆಂದರು. ಗುರುಮಠದಲ್ಲಿದ್ದಾಗ ನಾವು ಹುಮ್ಮಸ್ಸಿನಿಂದ ಇದನ್ನೆಲ್ಲ ಕಲಿತೆವು. ಧರ್ಮಕೇಂದ್ರಕ್ಕೆ ಬಂದು ಆರತಿ ಎತ್ತಿದಾಗ ಅಜ್ಜಿಯೊಬ್ಬರು, “ಇದೇನು ಸ್ವಾಮಿ, ನಮ್ಮ ಪೂಜೇನ ಹೀಗೆ ಮಾಡಿಬಿಟ್ರಿ?” ಎಂದು ಕಣ್ಣೀರಿಟ್ಟರು. ತಪ್ಪು ಅವರದಲ್ಲ. ಟೋಪಾಜಿನಲ್ಲಿ ಬದಲಾವಣೆ ಜನರ ಅಗತ್ಯದಿಂದ ಹುಟ್ಟಿತು. ನಮ್ಮಲ್ಲಿ ಅದು ವಿಚಾರಗೋಷ್ಠಿಯಲ್ಲಿ ಹುಟ್ಟಿತು, ನಾವು ಜನರನ್ನು ಕೇಳಲಿಲ್ಲ. ಆಶಯ ಸರಿಯೇ ಇತ್ತೆಂದು ಈಗಲೂ ನಂಬುತ್ತೇನೆ. ಮುಂದೆ ಆ ಸ್ವಾಮಿಗಳೇ ಮೈಸೂರಿನಲ್ಲಿ ಅಂಜಲಿ ಆಶ್ರಮ ಕಟ್ಟಿದರು. ಬೈಲಕುಪ್ಪೆಯ ದಾರಿಯಲ್ಲಿ ಮೈಸೂರಿಗೆ ಹೋದರೂ ನಮ್ಮ ಪ್ರವಾಸದ ಬಸ್ಸು ಅಲ್ಲಿ ನಿಲ್ಲುವುದಿಲ್ಲ.

ಇನ್ನು ಆ ಯುವತಿಯ ಪ್ರಶ್ನೆ. ಆಕೆಯ ಆಫೀಸಿಗೆ ಬಂದದ್ದು ಬೈಲಕುಪ್ಪೆಯಿಂದಲ್ಲ, ಅಮೆರಿಕದಿಂದ. 1979ರಲ್ಲಿ ಜಾನ್ ಕಬಾಟ್-ಜಿನ್ ಎಂಬವರು ಮ್ಯಾಸಚೂಸೆಟ್ಸ್ ವಿಶ್ವವಿದ್ಯಾನಿಲಯದ ವೈದ್ಯಕೀಯ ಕೇಂದ್ರದಲ್ಲಿ, ವಾಸಿಯಾಗದ ನೋವಿನಿಂದ ಬಳಲುವವರಿಗಾಗಿ ಅಭ್ಯಾಸವೊಂದನ್ನು ಆರಂಭಿಸಿದರು. ಬೌದ್ಧ ಧ್ಯಾನದ ವಿಧಾನ ಇತ್ತು. ಬುದ್ಧ, ಸಂಘ, ಶೀಲ ಇರಲಿಲ್ಲ. ರೋಗಿಗಳಿಗೆ ಅದರಿಂದ ಉಪಶಮನ ದೊರೆತಿದ್ದರೆ ದೇವರಿಗೆ ಸ್ತೋತ್ರ. ಅದರ ಬಗ್ಗೆ ನನ್ನ ತಕರಾರಿಲ್ಲ. ತಕರಾರು ಅದು ಆಸ್ಪತ್ರೆಯಿಂದ ಕಂಪನಿಗೆ ದಾಟಿದ ಬಗೆಯ ಮೇಲೆ. ಬುದ್ಧನ ಅಷ್ಟಾಂಗ ಮಾರ್ಗದಲ್ಲಿ ಏಳನೆಯದು ಸಮ್ಯಕ್ ಸ್ಮೃತಿ, ಎಚ್ಚರದ ಮನಸ್ಸು. ಐದನೆಯದು ಸಮ್ಯಕ್ ಆಜೀವ, ಅಂದರೆ ಮತ್ತೊಬ್ಬರಿಗೆ ಕೇಡು ಮಾಡದ ಜೀವನೋಪಾಯ. ಕಂಪನಿಗಳು ಏಳನೆಯದನ್ನು ಕೊಂಡವು, ಐದನೆಯದನ್ನು ಅಂಗಡಿಯಲ್ಲೇ ಬಿಟ್ಟವು. ರಾತ್ರಿ ಹತ್ತರವರೆಗೂ ದುಡಿಸುವುದು ಸರಿಯೇ ಎಂದು ಆ ಧ್ಯಾನ ಕೇಳುವುದಿಲ್ಲ. ದುಡಿಯಲು ಉಸಿರು ಹೇಗೆ ಉಳಿಸಿಕೊಳ್ಳಬೇಕೆಂದು ಮಾತ್ರ ಕಲಿಸುತ್ತದೆ. ಬದಲಾವಣೆಯೇ ದೋಷವೆನ್ನಲಾರೆ. 1956ರಲ್ಲಿ ನಾಗಪುರದಲ್ಲಿ ಬೌದ್ಧ ದೀಕ್ಷೆ ಪಡೆದ ಅಂಬೇಡ್ಕರರು ಆ ಧರ್ಮವನ್ನು ಇದಕ್ಕಿಂತ ಹೆಚ್ಚು ಬದಲಿಸಿದರು, ಆದರೆ ತುಳಿತಕ್ಕೆ ಒಳಗಾದವರ ಬದುಕಿನ ಪ್ರಶ್ನೆಯನ್ನು ನಡುವಿನಲ್ಲಿಟ್ಟೇ ಬದಲಿಸಿದರು.

1989ರಲ್ಲಿ ಕಾರ್ಡಿನಲ್ ರಾಟ್ಸಿಂಗರ್ ಅವರ ಸಹಿಯಲ್ಲಿ ಹೊರಟ ರೋಮಿನ ಪತ್ರವೊಂದು ಇಂಥ ಧ್ಯಾನಕ್ರಮಗಳನ್ನು ಸಾರಾಸಗಟಾಗಿ ತಳ್ಳಿಹಾಕಲಿಲ್ಲ. ದೇಹಕ್ಕೆ ದೊರೆಯುವ ನೆಮ್ಮದಿಯನ್ನೇ ಪವಿತ್ರಾತ್ಮರ ಸಾಂತ್ವನವೆಂದು ತಿಳಿಯಬೇಡಿ ಎಂದು ಎಚ್ಚರಿಸಿತು. ಆದ್ದರಿಂದ ಮಗಳೇ, ಕೂರು. ಉಸಿರನ್ನು ಗಮನಿಸುವುದು ಪಾಪವಲ್ಲ. ಕುಳಿತೆದ್ದ ಮೇಲೆ ಪಕ್ಕದ ಮೇಜಿನಲ್ಲಿ ಅಳುತ್ತಿರುವವಳು ನಿನಗೆ ಕಂಡಳೋ ಇಲ್ಲವೋ ನೋಡಿಕೋ.

ಅಂದು ಬಸ್ಸಿನಲ್ಲಿ ಆಕೆಯ ಪಕ್ಕ ತಾಯಿಯೂ ಕುಳಿತಿದ್ದರು. ಪೀಣ್ಯದ ಕಡೆಯ ಗಾರ್ಮೆಂಟ್ಸಿನಲ್ಲಿ ಹೊಲಿಗೆಯ ಕೆಲಸ. ನಮ್ಮ ಮಾತನ್ನೆಲ್ಲ ಕೇಳಿಸಿಕೊಂಡು, ಕಿಟಕಿಯ ಕಡೆ ನೋಡುತ್ತಲೇ ಅವರು ಹೇಳಿದರು: “ನಮ್ಮಲ್ಲಿ ಉಸಿರಾಡೋಕೇ ಪುರುಸೊತ್ತಿಲ್ಲ ಫಾದರ್. ಉಸಿರು ನೋಡ್ಕೊಂಡು ಕೂರೋದೆಲ್ಲಿ ಬಂತು?”