ಗಡಿಪಾರಿನ ಕಥೆ ನುಂಗಿದ ನಟ

ಹೈದರಾಬಾದಿನಲ್ಲಿ ಮೂಕಿ ಕಾಲದ ಬಂಗಾಳಿ ನಟ, ನಿರ್ದೇಶಕ ಧೀರೇಂದ್ರನಾಥ ಗಂಗೂಲಿಯವರ ಹೆಸರು ಯಾರಾದರೂ ಎತ್ತಿದರೆ, ಅದು 'ರಜಿಯಾ ಬೇಗಂ' ಪ್ರಸಂಗ ಹೇಳುವುದಕ್ಕೆ. ಬೊಂಬಾಯಿಯಲ್ಲಿ ತಯಾರಾದ ಆ ಚಿತ್ರವನ್ನು 1924ರಲ್ಲಿ ಅವರು ಇಲ್ಲಿ ತೋರಿಸಿದರು. ಮುಸ್ಲಿಂ ರಾಣಿಯ ಪ್ರೇಮಕಥೆ ನಿಜಾಮರಿಗೆ ಹಿಡಿಸಲಿಲ್ಲ. ರಾಜ್ಯ ಬಿಟ್ಟು ಹೊರಡಲು ಅಪ್ಪಣೆಯಾಯಿತು. ನಡೆದದ್ದು ನಿಜ. ಆದರೆ ಈ ಒಂದು ಕಥೆ ಅವರೊಳಗಿನ ನಟನನ್ನೇ ಮರೆಸಿಬಿಟ್ಟಿರುವುದು ಅನ್ಯಾಯ. ನಗರದ ಉಪ್ಪಲ್‌ನಲ್ಲಿ ನೆಲೆಸಿ, ವಾರಕ್ಕೊಂದು ಸಿನಿಮಾ ನೋಡುವ ನಮ್ಮ ಕನ್ನಡದ ಮನೆಗಳಲ್ಲೂ ಅವರನ್ನು ಬಲ್ಲವರು ವಿರಳ.

ಆ ನಟನನ್ನು ಹುಡುಕಬೇಕಾದದ್ದು 1915ರ ಅವರ ಛಾಯಾಚಿತ್ರ ಪುಸ್ತಕ 'ಭಾವೇರ್ ಅಭಿವ್ಯಕ್ತಿ'ಯಲ್ಲಿ. ಶಾಂತಿನಿಕೇತನದಲ್ಲಿ ಕಲಿತು ನಿಜಾಮರ ಕಲಾಶಾಲೆಯಲ್ಲಿ ಚಿತ್ರಕಲೆ ಕಲಿಸಿದವರು ಅವರು. ಪುಸ್ತಕದಲ್ಲಿ ಗಂಡು, ಹೆಣ್ಣು, ನಾನಾ ಬಗೆಯ ಜನ; ಎಲ್ಲ ವೇಷಗಳಲ್ಲೂ ಅವರೇ. ಹುಬ್ಬು, ತುಟಿ, ಕತ್ತಿನ ಓರೆ ಇವುಗಳಿಂದಲೇ ಒಬ್ಬ ಮನುಷ್ಯನನ್ನು ಕಟ್ಟುವ ಕಸುಬು ಅಲ್ಲಿ ಸಿದ್ಧವಾಗಿದೆ. ಅದರ ಮಿತಿಯನ್ನೂ ಹೇಳಬೇಕು. ಛಾಯಾಚಿತ್ರಕ್ಕೆ ಭಾವ ತುತ್ತತುದಿ ಮುಟ್ಟಿದ ಕ್ಷಣವೊಂದು ಸಾಕು; ಸಿನಿಮಾ ಬೇಡುವುದು ಒಂದು ಭಾವದಿಂದ ಇನ್ನೊಂದಕ್ಕೆ ಸರಿಯುವ ಮುಖವನ್ನು. ಮೂಕಿ ನಟರಲ್ಲಿ ಎಷ್ಟೋ ಮಂದಿ ಈ ದಾಟಿನಲ್ಲೇ ಎಡವಿದರು.

ಗಂಗೂಲಿ ಅದನ್ನು ದಾಟಲು ಹಿಡಿದ ದಾರಿ ಹಾಸ್ಯ. 1921ರ 'ಬಿಲಾತ್ ಫೇರತ್' ಚಿತ್ರದಲ್ಲಿ ಇಂಗ್ಲೆಂಡಿನಿಂದ ಮರಳಿದ ಯುವಕನಾಗಿ ಅವರೇ ನಟಿಸಿದರು. ಫಾಲ್ಕೆಯವರ ದಾರಿಯಲ್ಲಿ ಪುರಾಣದ ಕಥೆಗಳೇ ಮೆರೆಯುತ್ತಿದ್ದ ಕಾಲ. ಸಮಕಾಲೀನ ಮನೆಯ ಕಥೆಯನ್ನು ಪರದೆಗೆ ತಂದದ್ದೇ ಎದೆಗಾರಿಕೆ. ಇಂಗ್ಲಿಷ್ ವ್ಯಾಮೋಹವನ್ನು ಹೆಚ್ಚುಕಡಿಮೆ ಅದೇ ಕಾಲದಲ್ಲಿ ನಮ್ಮ ನಾಟಕಕಾರ ಕೈಲಾಸಂ ಕೂಡ ಚುಚ್ಚುತ್ತಿದ್ದರು. ಆದರೆ ಅವರ ಕೈಯಲ್ಲಿ ಮಾತಿತ್ತು, ಕನ್ನಡ–ಇಂಗ್ಲಿಷ್ ಬೆರೆತ ಆ ಬೆಂಗಳೂರಿನ ಮಾತು. ಗಂಗೂಲಿಗೆ ಮಾತೇ ಇಲ್ಲ. ಸೀಮೆ ಸೋಗನ್ನೆಲ್ಲ ಉಡುಪು, ನಡಿಗೆ, ಕೈಸನ್ನೆಗಳಲ್ಲೇ ಕಾಣಿಸಬೇಕಿತ್ತು. ಇದು ಹೆಚ್ಚು ಕಷ್ಟದ ಕೆಲಸವೆಂದೇ ನನ್ನ ಎಣಿಕೆ.

1922ರಲ್ಲಿ ನಿಜಾಮರ ಆಶ್ರಯದಲ್ಲಿ ಹೈದರಾಬಾದಿನಲ್ಲಿ ಲೋಟಸ್ ಫಿಲ್ಮ್ ಕಂಪನಿ ಕಟ್ಟಿದರು. 'ಲೇಡಿ ಟೀಚರ್', 'ಮ್ಯಾರೇಜ್ ಟಾನಿಕ್' ಒಂದು ಕಡೆ, 'ಇಂದ್ರಜಿತ್', 'ಯಯಾತಿ' ಇನ್ನೊಂದು ಕಡೆ. ಇಷ್ಟು ಕಡಿಮೆ ಅವಧಿಯಲ್ಲಿ ಇಷ್ಟೊಂದು ಚಿತ್ರಗಳು! ಕಂಪನಿ ನಡೆಸುವ ಹೊರೆಯಡಿ ನಟನೆಗೆ ಬಿಡುವು ಸಿಕ್ಕಿರಲಾರದು. ತನ್ನದೇ ಆದ ಹಾಸ್ಯದ ಹಾದಿ ಕಂಡುಕೊಂಡಿದ್ದ ಕಲಾವಿದ ಪುರಾಣಕ್ಕೆ ಹೊರಳಿದ್ದು ನನಗೆ ಹಿನ್ನಡೆಯಾಗಿಯೇ ಕಾಣುತ್ತದೆ. ಹಾಗೆಂದು ಈ ಅಧ್ಯಾಯವನ್ನು ಬಂಗಾಳದ ಚರಿತ್ರೆಗೆ ಬಿಟ್ಟುಕೊಡಬೇಕಿಲ್ಲ. ಬೀದರ್, ಕಲಬುರಗಿ, ರಾಯಚೂರು ಆಗ ಇದೇ ನಿಜಾಮ ಸಂಸ್ಥಾನದಲ್ಲಿದ್ದವು. ಲೋಟಸ್ ನಮ್ಮ ಸೀಮೆಯ ಚರಿತ್ರೆಗೂ ಸೇರಿದ್ದು.

ಗಡಿಪಾರಾದ ಮೇಲೆ ಕಲ್ಕತ್ತೆಗೆ ಮರಳಿ 1929ರಲ್ಲಿ ಬ್ರಿಟಿಷ್ ಡೊಮಿನಿಯನ್ ಫಿಲ್ಮ್ಸ್ ಕಟ್ಟಿದರು. ಟಾಕಿ ಬಂದ ಮೇಲೂ 'ಎಕ್ಸ್‌ಕ್ಯೂಸ್ ಮಿ ಸರ್' ಮೊದಲಾದ ನಗೆಚಿತ್ರಗಳನ್ನು ನಿರ್ದೇಶಿಸಿದರು. ಫಾಲ್ಕೆ ಪ್ರಶಸ್ತಿ ಬಂದದ್ದು ಎಂಬತ್ತು ದಾಟಿದ ಮೇಲೆ. ಅದನ್ನು ಚಿತ್ರೋದ್ಯಮ ಕಟ್ಟಿದ ಹಿರಿಯರಿಗೆ ಸಂದ ಗೌರವವೆಂದೇ ಎಲ್ಲರೂ ಎಣಿಸಿದರು. 'ಭಾವೇರ್ ಅಭಿವ್ಯಕ್ತಿ'ಯ ಪುಟ ತಿರುವಿದವರು ಅದರಲ್ಲಿ ಅರ್ಧವನ್ನಾದರೂ ನಟನಿಗೆ ಸಲ್ಲಿಸುತ್ತಾರೆ.